ಕಮಲಕ್ಕ ತಂದ ಬ್ರೆಡ್ಡು

“ಎಂತ ಟೀಚರೇ, ಮೇಲೆ ಮುಚ್ಚಲಿಕ್ಕೆ ಬ್ರೆಡ್ ಸಾಕಾಗ್ಲಿಲ್ವಾ?”

ವರ್ಷಗಳಿಂದ ನಮ್ಮ ಮನೆಗೆ ಮೀನು ತರುವ ಕಮಲಕ್ಕ, ನಾನು ಕೈಗಿತ್ತ ತಟ್ಟೆ ನೋಡಿ ಹೀಗೆ ಕೇಳಿದಾಗ ಜಗಲಿಯಲ್ಲಿದ್ದವರೆಲ್ಲ ಗೊಳ್ಳೆಂದು ನಕ್ಕರು. ವಿದ್ಯಾನಗರದಲ್ಲಿ ಡಿಸೆಂಬರಿನ ಚಳಿ ಬಿದ್ದಿತ್ತು. ಭಾನುವಾರ ಹತ್ತು ಗಂಟೆಯ ತಿಂಡಿಗೆ ಶಾಲೆಯ ಸಹೋದ್ಯೋಗಿಗಳನ್ನು ಕರೆದಿದ್ದೆ. ಹಿಂದಿನ ದಿನ ಕಮಲಕ್ಕನೇ ಆರಿಸಿಕೊಟ್ಟ ಬಂಗುಡೆಯನ್ನು ಹುರಿದು, ಮುಳ್ಳು ಬಿಡಿಸಿ, ಕಾಯಿಸಿದ ಬ್ರೆಡ್ಡಿನ ಮೇಲೆ ಹರಡಿ, ಈರುಳ್ಳಿ ಉದುರಿಸಿ ಲಿಂಬೆ ಹಿಂಡಿದ್ದೆ. ಈ ಸ್ಯಾಂಡ್‌ವಿಚ್ಚಿಗೆ ಮೇಲಿನ ಬ್ರೆಡ್ ಇಡುವುದಿಲ್ಲ ಎಂದು ಹೇಳಿದ್ದರೆ ಮುಗಿಯುತ್ತಿತ್ತು. ನಾನೂ ನಕ್ಕುಬಿಟ್ಟೆ. ಕಮಲಕ್ಕ ಮಾತ್ರ ನಗಲಿಲ್ಲ; ಗಬಗಬನೆ ತಿಂದು ಬುಟ್ಟಿ ಹೊತ್ತು ಹೊರಟಳು.

ಬುಧವಾರ ಬಂದವಳು ಮೀನು ತೋರಿಸುವ ಮೊದಲೇ ಪ್ಲಾಸ್ಟಿಕ್ ತೊಟ್ಟೆಯಿಂದ ಒಂದು ಪ್ಯಾಕೆಟ್ ಬ್ರೆಡ್ ತೆಗೆದು ನನ್ನ ಕೈಗಿಟ್ಟಳು.

“ನಾನು ಎಲ್ಲರ ಎದುರು ಹಾಗೆ ಕೇಳ್ಬಾರದಿತ್ತು ಟೀಚರೇ. ಬ್ರೆಡ್ ಸಾಕಾಗ್ಲಿಲ್ಲ ಅಂತ ಅವರೆಲ್ಲ ನಿಮ್ಮನ್ನು ನೋಡಿ ನಗಾಡಿದ್ರಲ್ಲ. ಇನ್ನು ಕಮ್ಮಿಯಾದ್ರೆ ಇದುಂಟು.”

ಅಂದು ಅವರೆಲ್ಲ ಯಾರನ್ನು ನೋಡಿ ನಕ್ಕರು, ಜೊತೆಗೆ ನಾನೂ ಯಾಕೆ ನಕ್ಕೆ ಎಂದು ಕಮಲಕ್ಕನಿಗೆ ಹೇಳುವ ಧೈರ್ಯ ನನಗೆ ಇಂದಿಗೂ ಬಂದಿಲ್ಲ.