ಗ್ಲೋಬಿಗೆ ಬಳಿದ ಕಪ್ಪು

ಹೊಸ ವರ್ಷದ ಪುಸ್ತಕಗಳ ಕಟ್ಟು ಬಂದ ಕೂಡಲೇ ನಮ್ಮ ಶಾಲೆಯ ಸಮಾಜ ವಿಜ್ಞಾನದ ಟೀಚರುಗಳೆಲ್ಲ ಲೈಬ್ರರಿಯಲ್ಲಿ ಸೇರಿ, ಪಾಠ ಶುರುಮಾಡುವ ಮೊದಲು ಪಾಠ ಅಳಿಸುತ್ತೇವೆ. ಪುಸ್ತಕ ಅಚ್ಚಾಗುವುದು ಭಾರತದಲ್ಲಿ. ಅಲ್ಲಿಯ ನಕ್ಷೆಯಲ್ಲಿ ಈ ಸಮುದ್ರ ಪರ್ಷಿಯನ್ ಕೊಲ್ಲಿ. ಓದುವುದು ಕುವೈತಿನಲ್ಲಿ, ಇಲ್ಲಿ ಅದು ಅರೇಬಿಯನ್ ಕೊಲ್ಲಿ. ಹಾಗಾಗಿ ಒಬ್ಬೊಬ್ಬರ ಕೈಗೂ ಒಂದೊಂದು ಕಪ್ಪು ಮಾರ್ಕರ್. ಕೊಲ್ಲಿಯ ಹೆಸರಿನ ಮೇಲೆ ಕಪ್ಪು, ಮೆಡಿಟರೇನಿಯನ್ ದಂಡೆಯ ಒಂದು ದೇಶದ ಹೆಸರಿನ ಮೇಲೆ ಕಪ್ಪು. ಕೊನೆಗೆ ಬೆರಳೆಲ್ಲ ಕರಿ, ತಲೆಯೆಲ್ಲ ಮಾರ್ಕರಿನ ವಾಸನೆ. ಸಾಲ್ಮಿಯಾದ ನಮ್ಮ ಮನೆಯ ಅಡುಗೆಕೋಣೆಯ ಕಿಟಕಿಯಿಂದ ಅದೇ ಸಮುದ್ರ ದಿನಾ ಕಾಣುತ್ತದೆ. ಇಷ್ಟು ವರ್ಷಗಳಲ್ಲಿ ಅದು ತನ್ನ ಹೆಸರಿನ ಬಗ್ಗೆ ಒಮ್ಮೆಯೂ ತಕರಾರು ಎತ್ತಿದ್ದನ್ನು ನಾನು ಕೇಳಿಲ್ಲ.

ಈ ಕೆಲಸದಲ್ಲಿ ನಮ್ಮೆಲ್ಲರಿಗಿಂತ ಪಳಗಿದ ಕೈ ಲೈಬ್ರರಿಯನ್‌ಳದು. ಉಡುಪಿ ಕಡೆಯವಳು, ಮನೆಯಲ್ಲಿ ಕೊಂಕಣಿ, ಭಾನುವಾರದ ಬದಲು ಶುಕ್ರವಾರ ಚರ್ಚು. ನಾನು ತುಳು ಮನೆಯವಳು. ಇಬ್ಬರಿಗೂ ಸೇರಿ ಸಿಕ್ಕ ಭಾಷೆ ಕನ್ನಡ, ಅದರಲ್ಲೇ ನಮ್ಮ ಎಲ್ಲ ಕಷ್ಟಸುಖ. ಅವಳ ಗಂಡನಿಗೆ ಅಹ್ಮದಿಯಲ್ಲಿ ಒಂದು ಗುತ್ತಿಗೆ ಕಂಪನಿಯಲ್ಲಿ ಕೆಲಸವಿತ್ತು. ಗುತ್ತಿಗೆ ಮುಗಿಯಿತು, ಕೆಲಸವೂ ಹೋಯಿತು. ಅಂದಿನಿಂದ ಮನೆ ನಡೆಯುತ್ತಿದ್ದುದು ಇವಳ ಸಂಬಳದ ಮೇಲೆ. ಮಗಳು ನಮ್ಮಲ್ಲೇ ಹತ್ತನೆಯ ಕ್ಲಾಸು, ನನ್ನದೇ ತರಗತಿ. ಇವಳ ಕೆಲಸವೂ ಹೋದರೆ ಆ ಹುಡುಗಿಯನ್ನು ಬೋರ್ಡ್ ಪರೀಕ್ಷೆಯ ಎದುರಿನಿಂದ ಎಬ್ಬಿಸಿಕೊಂಡು ಎಲ್ಲರೂ ವಿಮಾನ ಹತ್ತಬೇಕು. ಅದೊಂದು ಆಗಬಾರದೆಂದು ಅವಳು ಆ ವರ್ಷವಿಡೀ ತಲೆತಗ್ಗಿಸಿಕೊಂಡು ಓಡಾಡುತ್ತಿದ್ದಳು.

ಆ ದಿನಗಳಲ್ಲೇ ಸಮುದ್ರದ ಆಚೆಯ ದೇಶಕ್ಕೂ ನಾವು ಹೆಸರಿಗೆ ಕಪ್ಪು ಬಳಿದ ಆ ದೇಶಕ್ಕೂ ನಡುವೆ ಕ್ಷಿಪಣಿಗಳು ಹಾರತೊಡಗಿದವು. ಈಚೆ ದಡದಲ್ಲಿ ಅಮೆರಿಕದವರ ನೆಲೆ ಇದೆ, ಆಚೆ ದಡದಲ್ಲಿ ಅವರ ವೈರಿ ಇದ್ದಾನೆ, ನಡುವೆ ನಾವು ಮಕ್ಕಳ ಟಿಫಿನ್ ಡಬ್ಬಿ ಹಿಡಿದುಕೊಂಡು ಸ್ಕೂಲ್ ಬಸ್ಸಿಗೆ ಕಾಯುತ್ತಿದ್ದೆವು. ನಾವು ಮಾಡಿದ್ದು ಇಷ್ಟೇ: ನೀರಿನ ಬಾಟಲಿ ತಂದು ಮಂಚದಡಿ ಜೋಡಿಸಿದೆವು, ಪಾಸ್‌ಪೋರ್ಟ್ ಎಲ್ಲಿದೆಯೆಂದು ನೋಡಿಕೊಂಡೆವು. ಯುದ್ಧ ನಡೆಸುವ ಕೆಲಸವನ್ನು ಉಳಿದವರು ವಹಿಸಿಕೊಂಡರು. ಮಂಗಳೂರಿನಲ್ಲಿರುವ ನನ್ನ ಭಾವ ಯಾರು ಯಾರಿಗೆ ಹೇಗೆ ಹೊಡೆಯಬೇಕೆಂದು ಬೆಳಗಿನ ಚಹಾಕ್ಕೆ ಮೊದಲೇ ಬರೆದು ಕಳಿಸುತ್ತಿದ್ದರು. ನಮ್ಮ ಪೋಷಕರ ವಾಟ್ಸಾಪ್ ಗುಂಪಿನಲ್ಲಿ ಅರ್ಧ ಜನ ಒಂದು ದೇಶದ ಬಾವುಟ ಹಾಕಿಕೊಂಡರು, ಅರ್ಧ ಜನ ಇನ್ನೊಂದರದ್ದು. ಆ ಎರಡು ದೇಶಗಳಲ್ಲಿ ಇವರಿಗೆ ಒಬ್ಬ ದೂರದ ನೆಂಟನೂ ಇಲ್ಲ. ಊರಿನ ಜಗಳಗಳನ್ನೇ ಬೇರೆ ಬಾವುಟ ಸುತ್ತಿ ಇಲ್ಲಿ ಬಿಚ್ಚುತ್ತಿದ್ದರು, ಅಷ್ಟೆ. ಫೋನನ್ನು ಅಕ್ಕಿ ಡಬ್ಬಿಯೊಳಗೆ ಹುಗಿದಿಡಬೇಕು ಅನ್ನಿಸುವಷ್ಟು ತಲೆ ಕೆಟ್ಟಿತ್ತು ನನಗೆ.

ಆಗಲೇ ಗ್ಲೋಬು ಬಂತು. ಕುವೈತ್ ಬಿಟ್ಟು ಹೊರಟ ಒಂದು ಕುಟುಂಬ ತಮ್ಮ ಮಕ್ಕಳ ನೆನಪಿಗೆಂದು ಲೈಬ್ರರಿಗೆ ಕೊಟ್ಟದ್ದು, ಒಳಗೆ ದೀಪ ಉರಿಯುವ ಚಂದದ ಗ್ಲೋಬು, ಯಾವುದೋ ಪರದೇಶದಲ್ಲಿ ಮಾಡಿದ್ದು. ಲೈಬ್ರರಿಯನ್ ಅಭ್ಯಾಸದಂತೆ ಕೊಲ್ಲಿಯ ಹೆಸರನ್ನು ಮೊದಲು ಮುಚ್ಚಿದಳು. ತಿರುಗಿಸುತ್ತ ಬಂದಾಗ ಭಾರತದ ತಲೆಯ ಮೇಲೆ ಗೆರೆಯ ಬದಲು ಚುಕ್ಕಿಗಳು ಕಂಡವು. ಚುಕ್ಕಿಯಿದ್ದಲ್ಲಿ ಜಗಳವಿದೆ ಎನ್ನುವುದು ಅವಳಿಗೆ ಗೊತ್ತು, ಜಗಳವಿದ್ದಲ್ಲಿ ಏನು ಮಾಡಬೇಕೆಂದೂ ಗೊತ್ತು. ಇಲ್ಲಿ ನಾವು ವರ್ಷವರ್ಷವೂ ಮಾಡುವುದು ಅದನ್ನೇ ತಾನೆ? ಚುಕ್ಕಿಗಳ ಮೇಲೆ ಮಾರ್ಕರ್ ಎಳೆದಳು. ಆದರೆ ಗ್ಲೋಬಿನ ಮೇಲೆ ಕಾಶ್ಮೀರವೆಂದರೆ ಹೆಬ್ಬೆರಳಿನ ಉಗುರಿನಷ್ಟು, ಮಾರ್ಕರಿನ ಮೂತಿಯೋ ದಪ್ಪ. ಎಳೆದು ಮುಗಿಸುವಾಗ ಕಾಶ್ಮೀರವೇ ಇರಲಿಲ್ಲ. ದೀಪ ಹಾಕಿದರೆ ಇಡೀ ಭೂಮಿ ಬೆಳಗುತ್ತಿತ್ತು, ಅಲ್ಲಿ ಮಾತ್ರ ಕತ್ತಲೆ.

ಪೋಷಕರ ಸಭೆಯ ದಿನ ಒಬ್ಬ ಅಪ್ಪ ಅದರ ಫೋಟೋ ತೆಗೆದರು. ಕುವೈತ್ ಸಿಟಿಯ ಒಂದು ಆಫೀಸಿನಲ್ಲಿ ದೊಡ್ಡ ಹುದ್ದೆ, ಕೋಟಿಗೆ ಯಾವಾಗಲೂ ತ್ರಿವರ್ಣದ ಬಿಲ್ಲೆ. ಊಟದ ಹೊತ್ತಿಗೆ ಭಾರತಮಾತೆಯ ಮುಖಕ್ಕೆ ಮಸಿ ಎಂಬ ಒಕ್ಕಣೆಯೊಂದಿಗೆ ಆ ಚಿತ್ರ ಗುಂಪಿನಿಂದ ಗುಂಪಿಗೆ ಹಾರಿ, ಸಂಜೆಗೆ ಮಂಗಳೂರು ಸುತ್ತಿ ನನ್ನ ಭಾವನ ಮೂಲಕ ನನಗೇ ಬಂತು. ಲೈಬ್ರರಿಯನ್‌ಳ ಹೆಸರನ್ನು ಹುಡುಕಿ ಹಾಕಿದರು. ಹೆಸರಿನಿಂದ ಧರ್ಮ ಹುಡುಕಿದರು, ಧರ್ಮದಿಂದ ಪಿತೂರಿ ಹುಡುಕಿದರು. ಹನ್ನೆರಡು ವರ್ಷ ಇವರ ಮಕ್ಕಳ ಹರಿದ ಪುಸ್ತಕಗಳಿಗೆ ಅಂಟು ಹಚ್ಚಿದವಳು ಒಂದೇ ಮಧ್ಯಾಹ್ನದಲ್ಲಿ ದೇಶದ್ರೋಹಿಯಾದಳು.

ಪ್ರಿನ್ಸಿಪಾಲರ ಕೋಣೆಯಲ್ಲಿ, ಆ ಅಪ್ಪನ ಎದುರೇ ವಿಚಾರಣೆ ನಡೆಯಿತು. ವಿಭಾಗದ ಮುಖ್ಯಸ್ಥೆಯೆಂದು ನನ್ನನ್ನೂ ಕೂರಿಸಿದ್ದರು. ಮಿನಿಸ್ಟ್ರಿಯ ಜೊತೆ ವ್ಯವಹಾರ ನೋಡಿಕೊಳ್ಳುವ ಶಾಲೆಯ ಅರಬ್ ಅಧಿಕಾರಿಯನ್ನೂ ಕರೆಸಿದ್ದರು. ಅವರು ಗ್ಲೋಬನ್ನು ತಮ್ಮ ಕಡೆ ತಿರುಗಿಸಿ, ಕೊಲ್ಲಿಯ ಹೆಸರು ಸರಿಯಾಗಿ ಮುಚ್ಚಿದೆಯೇ ಎಂದು ಬೆರಳಿಟ್ಟು ನೋಡಿ, ಖಲಾಸ್ ಎಂದು ಚಹಾ ಮುಗಿಸಿ ಎದ್ದುಹೋದರು. ಅವರ ಮಟ್ಟಿಗೆ ಅದರಷ್ಟು ಶುದ್ಧವಾದ ಗ್ಲೋಬು ಇನ್ನೊಂದಿರಲಿಲ್ಲ. ಬಿಲ್ಲೆಯ ಅಪ್ಪ ಮಾತ್ರ ಜಗ್ಗಲಿಲ್ಲ. ನಾನು ಮಾರ್ಕರಿನ ಕಥೆಯನ್ನೆಲ್ಲ ಮೊದಲಿನಿಂದ ಬಿಡಿಸಿ ಹೇಳಿದೆ. ಉದ್ದೇಶ ಏನೇ ಇರಲಿ, ಭಾವನೆಗೆ ಪೆಟ್ಟಾಗಿದೆ ಎಂದರು. ಯಾರ ಭಾವನೆ, ಎಷ್ಟು ಪೆಟ್ಟು ಎಂದು ಕೇಳುವಷ್ಟು ಸಿಟ್ಟು ಬಂದಿತ್ತು, ಪ್ರಿನ್ಸಿಪಾಲರು ಮೇಜಿನಡಿ ಕಾಲಿನಿಂದ ತಿವಿದರು.

ಲೈಬ್ರರಿಯನ್ ಕೊನೆಗೆ ಒಂದೇ ಮಾತು ಹೇಳಿದಳು: "ಸರ್, ಜಗಳ ಇದ್ದಲ್ಲಿ ಕಪ್ಪು ಹಾಕ್ಲಿಕ್ಕೆ ನಮಗೆ ಹೇಳಿಕೊಟ್ಟದ್ದಲ್ವಾ. ಯಾವ ಜಗಳ ನಮ್ಮದು, ಯಾವುದು ಅವರದ್ದು ಅಂತ ಯಾರೂ ಹೇಳಿಕೊಡ್ಲಿಲ್ಲ."

ಪ್ರಿನ್ಸಿಪಾಲರೂ ಆ ಅಪ್ಪನೂ ನೇರ ಶಿಕ್ಷೆಯ ಮಾತಿಗೆ ಬಂದರು. ಬೆಳಗಿನ ಪ್ರಾರ್ಥನೆಯಲ್ಲಿ ಎಲ್ಲರೆದುರು ಕ್ಷಮೆ ಕೇಳಬೇಕು, ಅದರ ವಿಡಿಯೋ ಪೋಷಕರ ಗುಂಪಿಗೆ ಹೋಗಬೇಕು. ಹಾಗಾದರೆ ಕೆಲಸ ಉಳಿಯುತ್ತದೆ. ಹೊರಗೆ ಬಂದ ಮೇಲೆ ನಾನು ಅವಳ ಮೇಲೆಯೇ ರೇಗಿದೆ, ಏನೂ ತಪ್ಪು ಮಾಡದೆ ಯಾಕೆ ಕೈಮುಗಿಯಬೇಕು, ನಾನು ನಿನ್ನ ಜೊತೆ ನಿಲ್ಲುತ್ತೇನೆ ಎಂದೆ. ಅವಳು ನನ್ನನ್ನು ಮಗುವನ್ನು ನೋಡುವಂತೆ ನೋಡಿದಳು. "ನಿಮ್ಮ ಗಂಡನಿಗೆ ಕೆಲಸ ಉಂಟು ಮಾರಾಯ್ತಿ, ನೀವು ನಿಲ್ಲಬಹುದು. ನಂಗೆ ಮಗಳ ಮಾರ್ಚ್ ಪರೀಕ್ಷೆ ಒಂದು ದಾಟಿದ್ರೆ ಸಾಕು."

ಮರುದಿನ ಮೈಕಿನ ಮುಂದೆ ನಿಂತು ಪ್ರಿನ್ಸಿಪಾಲರು ಬರೆದುಕೊಟ್ಟದ್ದನ್ನು ಓದಿದಳು. ತಾನು ದೇಶವನ್ನು ಪ್ರೀತಿಸುತ್ತೇನೆ ಎನ್ನುವ ಸಾಲು ಅದರಲ್ಲಿ ಎರಡು ಸಲ ಇತ್ತು. ಎರಡನ್ನೂ ಒಂದಕ್ಷರ ಬಿಡದೆ ಓದಿದಳು. ಹತ್ತನೆಯ ಕ್ಲಾಸಿನ ಸಾಲಿನಲ್ಲಿ ಅವಳ ಮಗಳು ತನ್ನ ಶೂಸನ್ನೇ ನೋಡುತ್ತ ನಿಂತಿದ್ದಳು. ಆ ಬೆಳಿಗ್ಗೆಯಷ್ಟು ಅಸಹ್ಯ ನನಗೆ ಯಾವತ್ತೂ ಆಗಿಲ್ಲ.

ಗುಂಪಿನಲ್ಲಿ ಮುಗಿದ ಕೈಗಳ ಚಿತ್ರಗಳು ಸಾಲುಸಾಲಾಗಿ ಬಂದವು. ಅದರ ಹಿಂದೆಯೇ ಸ್ಕೂಲ್ ಬಸ್ಸಿನ ಎಸಿ ಕೆಟ್ಟ ವಿಷಯ ಬಂತು, ದೇಶವನ್ನು ಎಲ್ಲರೂ ಮರೆತರು. ಬಿಲ್ಲೆಯ ಅಪ್ಪ ಲೈಬ್ರರಿಗೇ ಹೋಗಿ, ವೈಯಕ್ತಿಕವಾಗಿ ಏನೂ ಇಲ್ಲ ಸಿಸ್ಟರ್, ಎಂದು ಸಮಾಧಾನ ಹೇಳಿ ಬಂದರಂತೆ. ಕೆಟ್ಟ ಮನುಷ್ಯನೇನಲ್ಲ, ಅದೇ ನನಗೆ ಇನ್ನೂ ಸಿಟ್ಟು ಬರಿಸುವುದು. ಕೆಟ್ಟವನಾಗಿದ್ದರೆ ಬೈದು ಮುಗಿಸಬಹುದಿತ್ತು. ಆಚೆ ಕ್ಷಿಪಣಿಗಳೂ ನಿಂತವು. ದೊಡ್ಡ ದೇಶಗಳು ತಮ್ಮತಮ್ಮೊಳಗೆ ಏನೋ ಮಾತಾಡಿಕೊಂಡವು.

ಜನವರಿಯಲ್ಲಿ ಪ್ರಿಬೋರ್ಡ್ ಪರೀಕ್ಷೆ. ಲೈಬ್ರರಿಯನ್‌ಳ ಮಗಳು ಎಲ್ಲ ಪ್ರಶ್ನೆಗಳಿಗೂ ಚಂದ ಉತ್ತರ ಬರೆದಿದ್ದಳು, ಭಾರತದ ಭೂಪಟವನ್ನು ಮಾತ್ರ ಮುಟ್ಟಿರಲಿಲ್ಲ. ಒಂದು ಚುಕ್ಕಿಯಿಲ್ಲ, ಒಂದು ಹೆಸರಿಲ್ಲ. ಹಿಂದಿನ ವರ್ಷದವರೆಗೂ ನಕ್ಷೆಯಲ್ಲಿ ಒಂದು ಅಂಕವನ್ನೂ ಬಿಟ್ಟುಕೊಟ್ಟವಳಲ್ಲ. ಕಾರಿಡಾರಿಗೆ ಕರೆದು ಸ್ವಲ್ಪ ಗದರಿಯೇ ಕೇಳಿದೆ. ಯಾವಾಗಲೂ ಕನ್ನಡದಲ್ಲಿ ಕೇಳಿದ್ದಕ್ಕೆ ಇಂಗ್ಲಿಷಿನಲ್ಲಿ ಉತ್ತರಿಸುವ ಹುಡುಗಿ, ಅವತ್ತು ಅಮ್ಮನ ಕನ್ನಡದಲ್ಲಿ ಮಾತಾಡಿದಳು.

"ಗೊತ್ತುಂಟು ಮಿಸ್. ಆದ್ರೆ ನಾನು ಎಲ್ಲಿಯಾದ್ರೂ ತಪ್ಪು ಹಾಕಿದ್ರೆ, ಮಮ್ಮಿ ಪುನಃ ಮೈಕಿನಲ್ಲಿ ಸಾರಿ ಹೇಳ್ಬೇಕಾಗ್ತದಲ್ಲಾ?"

ನಕ್ಷೆಯಲ್ಲಿ ತಪ್ಪಾದರೆ ಅಂಕ ಮಾತ್ರ ಹೋಗುವುದು ಎಂದು ಹೇಳಲು ಬಾಯಿ ತೆರೆದೆ. ಅವಳು ನಂಬುವುದಿಲ್ಲವೆಂದು ಗೊತ್ತಿತ್ತು.