ಟ್ರಂಕಿನಲ್ಲಿದ್ದ ತಲಾಕ್ ಕಾಗದ

ಹೆಂಡತಿಗೆ ನಾನಾಗಿ ಬರೆದದ್ದು ಒಂದೇ ಕಾಗದ. ಅದು ತಲಾಕಿನದು.

ಹೆರಿಗೆಗೆಂದು ಕಾವೂರಿನ ತಾಯಿಮನೆಗೆ ಹೋದವಳು ಐದು ತಿಂಗಳಾದರೂ ಬಂದರಿನ ನಮ್ಮ ಮನೆಗೆ ಮರಳಿರಲಿಲ್ಲ. ನಾನು ಹಂಚಿನ ಕಾರ್ಖಾನೆಯ ಗುಮಾಸ್ತ, ಹೈಸ್ಕೂಲು ಓದಿದವನೆಂಬ ಅಹಂಕಾರ ಬೇರೆ. ಒಂದು ಮಧ್ಯಾಹ್ನ ಕೋಪದಲ್ಲಿ ಮೂರು ತಲಾಕನ್ನೂ ಇನ್‌ಲ್ಯಾಂಡಿನಲ್ಲಿ ಬರೆದು ಅಂಚೆಗೆ ಹಾಕಿದೆ. ಮೂರನೇ ದಿನ ಕೋಪ ಇಳಿದು ಭಯ ಹತ್ತಿತು. ಕಾವೂರಿಗೆ ಓಡಿದೆ.

ಕಾಗದ ನನಗಿಂತ ಮೊದಲೇ ತಲುಪಿತ್ತು.

"ಎಂತ ಮಾರಾಯ್ರೆ, ಇಷ್ಟು ದೂರ ನಡೆಯಲಿಕ್ಕೆ ಉದಾಸೀನ ಅಂತ ಕಾಗದ ಹಾಕಿದ್ದಾ?" ಎಂದು ಅತ್ತೆ ನಕ್ಕರು. ಆ ಮನೆಯಲ್ಲಿ ಎಲ್ಲರೂ ಕುರ್‌ಆನ್ ಓದುತ್ತಿದ್ದರು, ಕನ್ನಡ ಓದಲು ಯಾರಿಗೂ ಬರುತ್ತಿರಲಿಲ್ಲ.

"ಪೋಸ್ಟಿನವ ಓದಿ ಹೇಳ್ತೇನೆ ಅಂದ, ನಾನು ಕೊಡ್ಲಿಲ್ಲ," ಎಂದಳು ಹೆಂಡತಿ. "ಗಂಡನ ಕಾಗದ ಹೊರಗಿನವರು ಓದುವುದಾ? ನೀವೇ ಓದಿ."

ಓದಿದೆ. 'ಮಗುವಿನ ಶೀತ ಹೋಯಿತಾ? ನೀನಿಲ್ಲದೆ ಮನೆ ಬಿಕೋ ಎನ್ನುತ್ತದೆ. ಬೇಗ ಬಾ.' ಅದರಲ್ಲಿ ಇಲ್ಲದ್ದು, ಬಾಯಿಗೆ ಬಂದದ್ದು. ಅವಳು ಕಣ್ಣೊರೆಸಿಕೊಂಡು ಕಾಗದವನ್ನು ನನ್ನ ಕೈಯಿಂದ ತೆಗೆದುಕೊಂಡಳು.

ಮರುದಿನ ಮಸೀದಿಯ ಉಸ್ತಾದರನ್ನು, ಗೆಳೆಯನೊಬ್ಬನ ವಿಷಯವೆಂದು ಕೇಳಿದೆ.

"ಬಾಯಲ್ಲಿ ಹೇಳದೆ ಬರೆದದ್ದಾದರೆ ನಿಯ್ಯತ್ತು ನೋಡಬೇಕು," ಎಂದರು. "ಬರೆಯುವಾಗ ಬಿಡುವ ಮನಸ್ಸು ಇತ್ತಾದರೆ ತಲಾಕ್ ಆಯ್ತು, ಮತ್ತೆ ಜೊತೆಗಿರುವುದು ಪಾಪ. ಇಲ್ಲದಿದ್ದರೆ ಇಲ್ಲ. ಅದು ಬರೆದವನಿಗೆ ಗೊತ್ತು, ಅಲ್ಲಾಹನಿಗೆ ಗೊತ್ತು. ಆ ಗೆಳೆಯನನ್ನೇ ಕೇಳಿ ಬನ್ನಿ."

ನಾನು ಮತ್ತೆ ಆ ಕಡೆ ಹೋಗಲಿಲ್ಲ. ಆ ವಾರವೇ ಅವಳನ್ನು ಮನೆಗೆ ಕರೆತಂದೆ.

ಕಾಗದ ಅವಳ ಟ್ರಂಕಿನಲ್ಲಿ, ಮದುವೆಯ ಸೀರೆಯ ಕೆಳಗೆ ಉಳಿಯಿತು. ಪ್ರತಿ ಪೆರ್ನಾಲ್ ಹಬ್ಬಕ್ಕೆ ಹೊರಗೆ ತೆಗೆದು, "ಒಮ್ಮೆ ಓದಿ" ಎನ್ನುತ್ತಿದ್ದಳು. ಒಂದು ಸಲ ತಪ್ಪಿದೆ.

"ಮಗುವಿನ ಶೀತದ್ದು ಬಿಟ್ಟಿರಿ," ಎಂದಳು. ಅದನ್ನೂ ಸೇರಿಸಿ ಮತ್ತೆ ಓದಿದೆ.

ಮಗಳು ಶಾಲೆಗೆ ಸೇರಿದ ಮೇಲೆ ದಾರಿಯುದ್ದಕ್ಕೂ ಅಂಗಡಿಗಳ ಬೋರ್ಡು ಓದುತ್ತಿದ್ದಳು. "ಈ ಪೆರ್ನಾಲಿಗೆ ಇವಳೇ ಓದ್ತಾಳೆ. ನಿಮ್ಮ ಕಾಲು ಹಿಡಿಯುವ ಕೆಲಸ ಇಲ್ಲ," ಎಂದಳು ಹೆಂಡತಿ.

ಹಬ್ಬಕ್ಕೆ ಎರಡು ದಿನ ಮೊದಲು ಅದನ್ನು ಬಚ್ಚಲ ಒಲೆಗೆ ಹಾಕಿದೆ. ಅವಳು ಟ್ರಂಕನ್ನು ಬರಿದು ಮಾಡಿ ಹುಡುಕಿದಳು. ಕೊನೆಗೆ, "ಎಲ್ಲಿ ಬಿಸಾಡಿದ್ದಿ?" ಎಂದು ಮಗಳಿಗೆ ಹೊಡೆದಳು. ಮಗಳು ಅಳುತ್ತಾ ನನ್ನನ್ನು ನೋಡಿದಳು. ನಾನು ಪೇಪರಿನಿಂದ ತಲೆ ಎತ್ತಲಿಲ್ಲ.

ಸಂಜೆ ಹೆಂಡತಿ ಪೆನ್ನು ತಂದಿಟ್ಟಳು. "ಅದರಲ್ಲಿದ್ದದ್ದೇ ಬರೆದು ಕೊಡಿ. ನನಗೆ ಬಾಯಿಪಾಠ ಉಂಟು, ನಾನು ಹೇಳ್ತೇನೆ."

ಅವಳು ಹೇಳುತ್ತಾ ಹೋದಳು, ನಾನು ಬರೆದೆ. ಶೀತದ್ದೂ ಬಿಡಲಿಲ್ಲ.

ಈಗ ಅವಳಿಲ್ಲ. ಉಸ್ತಾದರು ಕೇಳಿ ಬನ್ನಿ ಎಂದದ್ದಕ್ಕೆ ಉತ್ತರ ಅಂದೇ ನನ್ನಲ್ಲಿತ್ತು: ಬರೆಯುವಾಗ ಬಿಡುವ ಮನಸ್ಸು ಇತ್ತು. ಅದನ್ನು ಮುಚ್ಚಿಟ್ಟು ಕೊನೆಯವರೆಗೂ ಅವಳ ಜೊತೆ ಸಂಸಾರ ಮಾಡಿದೆ. ಅಲ್ಲಾಹನು ನನ್ನನ್ನು ಏನು ಬೇಕಾದರೂ ಕೇಳಲಿ. ಅವಳನ್ನು ಕೇಳದಿರಲಿ ಎಂದು ಐದು ಹೊತ್ತೂ ಬೇಡುತ್ತೇನೆ. ಅವಳಿಗೆ ಓದಲು ಬರುತ್ತಿರಲಿಲ್ಲ.