ಗಡಿಯಲ್ಲಿ ಇಳಿಯುತ್ತಿದ್ದವರ ಅಂಗಿ

ನನ್ನ ಗಂಡನ ಅಂಗಿಗಳನ್ನೆಲ್ಲ ನಾನೇ ಹೊಲಿಯುತ್ತಿದ್ದೆ. ಹಳೇಬೀಡಿನ ಬಸ್‌ಸ್ಟ್ಯಾಂಡಿನ ಹಿಂದಿನ ಬೀದಿಯಲ್ಲಿ ನನ್ನದೊಂದು ಟೈಲರಿಂಗ್ ಅಂಗಡಿ ಇದೆ. ರವಿಕೆ, ಶಾಲೆಯ ಯೂನಿಫಾರಂ, ಸೀರೆಯ ಫಾಲ್ಸು, ಇಷ್ಟೇ ಅಲ್ಲಿನ ಕೆಲಸ. ಗಂಡಸರ ಅಂಗಿ ಹೊಲಿದದ್ದು ಅವರೊಬ್ಬರಿಗೆ ಮಾತ್ರ. ಆ ಅಂಗಿಗಳ ಅಳತೆಯೇ ಬೇರೆ. ಸೊಂಟದ ಹತ್ತಿರ ಬೇಕಾದ್ದಕ್ಕಿಂತ ಸಡಿಲ. ಕೆಳಗಿನ ಅಂಚು ದುಂಡಗಲ್ಲ, ನೇರ. ಬಲಗಡೆ ಪಕ್ಕದಲ್ಲಿ ಒಂದು ಸೀಳು. ತೆಳು ಬಟ್ಟೆಯಾದರೆ ಒಳಗಿನದರ ಆಕಾರ ಕಾಣುತ್ತದೆ, ಬಿಳಿಯಾದರೆ ಚರ್ಮದ ಕವಚದ ಬಣ್ಣ ಕಾಣುತ್ತದೆ. ಆದ್ದರಿಂದ ಯಾವಾಗಲೂ ದಪ್ಪನೆಯ ಚೌಕುಳಿ ಬಟ್ಟೆ. ಆ ಅಂಗಿಯ ಕೆಳಗೆ, ಬಲಸೊಂಟದಲ್ಲಿ, ಅವರ ರಿವಾಲ್ವರ್ ಇರುತ್ತಿತ್ತು.

ನಮ್ಮವರು ಮಿಲಿಟರಿಯಲ್ಲಿದ್ದು ಬಂದವರು. ಊರಿಗೆ ಬಂದ ಮೇಲೆ ಅರಸೀಕೆರೆಯ ಒಬ್ಬ ಚಿನ್ನದ ವ್ಯಾಪಾರಿಯ ಬಳಿ ಗನ್‌ಮ್ಯಾನ್ ಕೆಲಸಕ್ಕೆ ಸೇರಿದರು. ಉದ್ದ ಬಂದೂಕು ಹಿಡಿದು ಬಾಗಿಲಲ್ಲಿ ನಿಲ್ಲುವ ಗನ್‌ಮ್ಯಾನ್ ಸಾಹುಕಾರರಿಗೆ ಬೇಕಿರಲಿಲ್ಲ. ಅಂಥವನನ್ನು ಕಾರಿನಲ್ಲಿ ಕೂರಿಸಿಕೊಂಡರೆ ಇದರಲ್ಲಿ ಚಿನ್ನ ಇದೆ ಎಂದು ಡಂಗುರ ಹೊಡೆದ ಹಾಗೆ ಎನ್ನುತ್ತಿದ್ದರು. ನೋಡಿದವರಿಗೆ ನೆಂಟರಂತೆ ಕಾಣಬೇಕು, ಸೊಂಟದಲ್ಲಿ ಮಾತ್ರ ಗನ್ನು ಇರಬೇಕು. ನಮ್ಮವರು ಹಾಸನದ ಆಫೀಸಿಗೆ ಅಲೆದು ಪರವಾನಗಿ ಮಾಡಿಸಿದರು. ಬಟ್ಟೆಯ ಲೆಕ್ಕ ನನ್ನ ಪಾಲಿಗೆ ಬಂತು.

ಪರವಾನಗಿ ಪುಸ್ತಕ ಕೈಗೆ ಬಂದ ದಿನ ಅವರು ಅದನ್ನು ಜಗಲಿಯಲ್ಲಿ ಕೂತು ಓದಿ ನಕ್ಕಿದ್ದರು. ಅದು ಕರ್ನಾಟಕಕ್ಕೆ ಮಾತ್ರ ಸಲ್ಲುವ ಪರವಾನಗಿ. ಪಕ್ಕದ ರಾಜ್ಯದ ನೆಲಕ್ಕೆ ಕಾಲಿಟ್ಟರೆ ಅದೇ ಗನ್ನು, ಅದೇ ಮನುಷ್ಯ, ಆದರೆ ಪರವಾನಗಿ ಇಲ್ಲದವನು.

"ಪಂಜಾಬಿಂದ ಅಸ್ಸಾಂವರೆಗೂ ಬಂದೂಕು ಹೊತ್ಕೊಂಡು ತಿರುಗಿದೋನು ಕಣೇ ನಾನು. ಈಗ ನೋಡು, ಚಾಮರಾಜನಗರ ದಾಟೋ ಹಾಗಿಲ್ಲ."

"ಅದು ಸರ್ಕಾರದ ಬಂದೂಕು. ಇದು ನಿಮ್ದು," ಅಂದೆ.

ಸಾಹುಕಾರರು ಒಡವೆ ಮಾಡಿಸುತ್ತಿದ್ದುದು ಕೊಯಮತ್ತೂರಿನಲ್ಲಿ. ಮೈಸೂರು, ಚಾಮರಾಜನಗರ ದಾಟಿ, ಕಾಡಿನ ರಸ್ತೆ ಹಿಡಿದು, ದಿಂಬಂ ಘಾಟಿ ಇಳಿದು ಹೋಗಬೇಕು. ಕಾಡಿನ ನಡುವೆ ನಮ್ಮ ರಾಜ್ಯ ಮುಗಿಯುವಲ್ಲಿ ಒಂದು ಚೆಕ್‌ಪೋಸ್ಟ್, ಅದರ ಪಕ್ಕ ಒಂದು ಟೀ ಅಂಗಡಿ. ನಮ್ಮವರು ಅಲ್ಲಿ ಕಾರಿನಿಂದ ಇಳಿಯುತ್ತಿದ್ದರು. ಕಾರು ಕೊಯಮತ್ತೂರಿಗೆ ಹೋಗಿ ವಾಪಸು ಬರುವವರೆಗೂ ಅಲ್ಲೇ ಕೂರುತ್ತಿದ್ದರು. ಗನ್ನನ್ನು ಅಂಗಡಿಯವಳ ಕೈಗೆ ಕೊಟ್ಟು ಬರಿಗೈಯಲ್ಲಿ ಮುಂದೆ ಹೋಗಬಹುದಿತ್ತಲ್ಲ ಎಂದು ಯಾರೋ ಕೇಳಿದ್ದಕ್ಕೆ, "ಬಿಟ್ಟು ಹೋಗೋಕೆ ಅದೇನು ಕೊಡೆನೇನ್ರೀ?" ಅಂದಿದ್ದರು.

ಕಾರಿನ ಡ್ರೈವರ್ ಪ್ರತಿ ಸಲವೂ ರೇಗಿಸುತ್ತಿದ್ದನಂತೆ. "ಸಾರ್, ನನ್ ಲೈಸೆನ್ಸು ಕಾಶ್ಮೀರದವರ್ಗೂ ಓಡ್ತದೆ. ನಿಮ್ದು ಟೀ ಅಂಗ್ಡಿವರ್ಗೆ. ಯಾವ್ದು ದೊಡ್ದು ಹೇಳಿ." ಇವರು ಮನೆಗೆ ಬಂದು ಅದನ್ನು ಅವನದೇ ದನಿಯಲ್ಲಿ ಹೇಳಿ ನಗುತ್ತಿದ್ದರು. ಆ ಟೀ ಅಂಗಡಿಯ ಮುದುಕಿಯ ಜೊತೆ ಅವರೆಕಾಯಿ ಬಿಡಿಸುತ್ತ ಕೂರುವುದು, ಕಾಡಿನ ನೆಲ್ಲಿಕಾಯಿ ಚೀಲದಲ್ಲಿ ತುಂಬಿಕೊಂಡು ಬರುವುದು, ಅಲ್ಲಿನ ಕುಂಟ ನಾಯಿ ಇವರ ಕಾರಿನ ಸದ್ದು ಗುರುತು ಹಿಡಿಯುವುದು, ಎಲ್ಲ ನನಗೆ ಗೊತ್ತಿತ್ತು. ನಾನು ಕಾಣದ ಆ ಅಂಗಡಿಯನ್ನು ಈಗಲೂ ಕಣ್ಣುಮುಚ್ಚಿದರೆ ನೋಡಬಲ್ಲೆ.

ನಿಯಮ ಸಾಹುಕಾರರಿಗೂ ಗೊತ್ತಿತ್ತು. ಗೊತ್ತಿದ್ದೂ, "ಅಂಗಿ ಇಷ್ಟು ಸಡಿಲ ಇದೆ, ಯಾರು ಎತ್ತಿ ನೋಡ್ತಾರ್ರೀ?" ಎನ್ನುತ್ತಿದ್ದರು. ಆ ಮಾತನ್ನು ನಮ್ಮವರು ಹೇಳಿದಾಗ ನನಗೆ ಮೈಯೆಲ್ಲ ಉರಿಯಿತು. ನಾನು ಅಂಗಿ ಸಡಿಲ ಹೊಲಿದದ್ದು ಕಾನೂನಿನಿಂದ ಅಡಗಿಸಲಿಕ್ಕಲ್ಲ, ಕಳ್ಳರ ಕಣ್ಣಿಂದ ಅಡಗಿಸಲಿಕ್ಕೆ.

ಇಡೀ ದೇಶಕ್ಕೆ ಸಲ್ಲುವ ಪರವಾನಗಿಯೂ ಉಂಟು. ಆದರೆ ಅದು ಕೇಳಿದವರಿಗೆಲ್ಲ ಸಿಗುವುದಿಲ್ಲ, ಯಾಕೆ ಬೇಕು ಎಂದು ಕಾರಣ ತೋರಿಸಬೇಕು. ನಮ್ಮವರು ಅರ್ಜಿ ಬರೆದಿಟ್ಟುಕೊಂಡಿದ್ದರು. ಇಂಥ ಕೆಲಸಕ್ಕಾಗಿ ಇವರನ್ನು ಹೊರರಾಜ್ಯಕ್ಕೆ ಕರೆದೊಯ್ಯುತ್ತೇನೆ ಎಂದು ಸಾಹುಕಾರರ ಒಂದು ಪತ್ರ ಬೇಕಿತ್ತು. ಸಾಹುಕಾರರು "ನೋಡೋಣ" ಎಂದರು. ಆಮೇಲೆ "ಹಬ್ಬ ಕಳೀಲಿ" ಎಂದರು. ಆ ಪತ್ರ ಬರಲೇ ಇಲ್ಲ.

ಒಂದು ಪ್ರಯಾಣದಲ್ಲಿ, ನಮ್ಮವರು ಎಂದಿನಂತೆ ಇಳಿದ ಮೇಲೆ, ಘಾಟಿಯ ಕೆಳಗೆ ಗನ್ನು ಹಿಡಿದ ಕಳ್ಳರು ಕಾರನ್ನು ಅಡ್ಡಗಟ್ಟಿದರು. ಚಿನ್ನದ ಚೀಲ ಹೋಯಿತು. ಎಳೆದಾಟದಲ್ಲಿ ಸಾಹುಕಾರರ ಬಲಗೈ ಮಣಿಕಟ್ಟು ಮುರಿಯಿತು. ನಮ್ಮವರು ಆ ಹೊತ್ತಿಗೆ ಮುದುಕಿಯ ಬೆಂಚಿನ ಮೇಲೆ ಕೂತು ಪೇಪರ್ ಓದುತ್ತಿದ್ದರು.

ಕೆಲಸ ಹೋಯಿತು. ಅದಕ್ಕಿಂತ ಹೆಚ್ಚಾಗಿ, ಒಂದು ಹೆಸರು ಬಂತು: ಗಡಿಯಲ್ಲಿ ಇಳಿದವರು. ಅರಸೀಕೆರೆಯ ಪೇಟೆಯಲ್ಲಿ ಹುಟ್ಟಿದ ಆ ಮಾತು ಜಾವಗಲ್ ಮೇಲೆ ಬರುವ ಬಸ್ಸಿನಲ್ಲಿ ಕೂತು ಹಳೇಬೀಡಿಗೂ ಬಂತು. ರವಿಕೆಗೆ ಅಳತೆ ಕೊಡಲು ಬಂದವರು ತಮ್ಮ ಜೊತೆಯವರಿಗೆ ನನ್ನನ್ನು ತೋರಿಸಿ, "ಇವ್ರ ಯಜಮಾನ್ರೇ ಕಣೇ, ಗಡೀಲಿ ಇಳಿದ್ರಲ್ಲ," ಎಂದು ಪಿಸುಗುಡುತ್ತಿದ್ದರು. ನಾನು ಟೇಪು ಹಿಡಿದುಕೊಂಡು ಕೇಳಿಸಿಕೊಳ್ಳುತ್ತಿದ್ದೆ.

ನಮ್ಮವರನ್ನು ಈ ವಿಷಯ ನಾನು ಒಂದೇ ಸಲ ಕೇಳಿದ್ದು. ಆವತ್ತು ಕಾರಲ್ಲಿ ಇದ್ದಿದ್ದರೆ ಏನು ಮಾಡುತ್ತಿದ್ದಿರಿ ಎಂದು. ಅವರು ಶೂಗೆ ಪಾಲಿಶ್ ಹಾಕುತ್ತಿದ್ದರು. ಕೆಲಸವಿಲ್ಲದಿದ್ದರೂ ದಿನಾ ಹಾಕುತ್ತಿದ್ದರು.

"ತೆಗೀತಿದ್ದೆ. ಹೊಡೀತಿದ್ದೆನೋ ಏನೋ. ಒಬ್ಬ ಸಾಯ್ತಿದ್ದ ಅನ್ಕೋ. ಆಮೇಲೆ ಅಲ್ಲಿನ ಪೊಲೀಸರು ಬಂದು ಲೈಸೆನ್ಸ್ ತೋರ್ಸು ಅಂದ್ರೆ? ಅಲ್ಲಿ ಕಳ್ಳರ ಕೈಲಿದ್ದಿದ್ದೂ ಲೈಸೆನ್ಸಿಲ್ಲದ್ದು, ನನ್ ಕೈಲಿದ್ದಿದ್ದೂ ಲೈಸೆನ್ಸಿಲ್ಲದ್ದು. ಏನೇ ವ್ಯತ್ಯಾಸ?"

ಇಷ್ಟು ಹೇಳಿ ಇನ್ನೊಂದು ಶೂ ಎತ್ತಿಕೊಂಡರು. ಅಷ್ಟೇ.

ಮುಂದಿನ ಮಳೆಗಾಲದಲ್ಲಿ ಅವರ ಎದೆ ಕೈಕೊಟ್ಟಿತು. ಹಾಸನದ ಆಸ್ಪತ್ರೆಯಿಂದ ಜೀವಂತವಾಗಿ ಮನೆಗೆ ಬರಲಿಲ್ಲ. ವಿಭೂತಿ ಹಚ್ಚಿ, ಕೂರಿಸಿ, ಮಣ್ಣು ಮಾಡಿದೆವು. ಈ ಸಾಲುಗಳನ್ನು ಬರೆಯುವಾಗಲೂ ನನಗೆ ಅಳು ಬರುತ್ತಿಲ್ಲ. ಅಳಬೇಕಾದಾಗ ಅತ್ತಿದ್ದೇನೆ. ಈಗ ಇರುವುದು ಬೇರೆ.

ಹನ್ನೊಂದನೆಯ ದಿನದ ಊಟದ ಪಂಕ್ತಿ ಅಂಗಳದಲ್ಲಿತ್ತು. ನಾನು ಒಳಗೆ ಕಿಟಕಿಯ ಕೆಳಗೆ ಗೋಡೆಗೆ ಒರಗಿ ಕೂತಿದ್ದೆ. ಹೊರಗೆ ಇಬ್ಬರು ಕೈ ತೊಳೆಯುತ್ತ ಮಾತಾಡುತ್ತಿದ್ದರು.

"ಪಾಪ, ಒಳ್ಳೆ ಮನ್ಷ. ಆದ್ರೂ ಆವತ್ತು ಇಳೀಬಾರ್ದಿತ್ತು ಕಣ್ಲಾ."

"ಬಿಡ್ಲಾ ಅತ್ಲಾಗೆ. ಈಗ ಎಲ್ಲಾ ಗಡೀನೂ ದಾಟವ್ರೆ."

ಇಬ್ಬರೂ ನಕ್ಕರು. ಅನ್ನ ಉಂಡ ಕೈ ಇನ್ನೂ ಒದ್ದೆಯಾಗಿತ್ತು. ನಾನು ಎದ್ದು ಕಿಟಕಿಯಲ್ಲಿ ನಿಂತೆ. ನನ್ನನ್ನು ಕಂಡು ಒಬ್ಬ ಟವೆಲಿನಿಂದ ಬಾಯಿ ಒರೆಸಿಕೊಂಡ. "ಪಾಯಸ ಸರಿಯಾಗಿತ್ತಾ?" ಎಂದು ಕೇಳಿದೆ. ಇಬ್ಬರೂ ತಲೆಯಾಡಿಸಿ ಹೋದರು.

ಗನ್ನು ಪೆಟ್ಟಿಗೆಯಲ್ಲಿ ಬೀಗದೊಳಗಿತ್ತು. ಪರವಾನಗಿದಾರ ತೀರಿಕೊಂಡರೆ ಅದನ್ನು ಸ್ಟೇಷನ್ನಿಗೆ ಒಪ್ಪಿಸಬೇಕು ಎಂದು ಅವರೇ ಹೇಳಿಟ್ಟಿದ್ದರು. ಫೋನ್ ಮಾಡಿ ಕೇಳಿದೆ. ಗುಂಡು ತೆಗೆದು, ಪುಸ್ತಕದ ಜೊತೆ, ಮರಣ ಪ್ರಮಾಣಪತ್ರ ಬಂದ ಕೂಡಲೇ ತಂದುಕೊಡಿ ಎಂದರು. ಆ ಪತ್ರ ಬಂದ ಸಂಜೆಯೇ ಸಾಹುಕಾರರ ಕಾರು ನಮ್ಮ ಬೀದಿಗೆ ಬಂತು. ಜೊತೆಯಲ್ಲಿ ಗೆಂಡೆಹಳ್ಳಿಯ ನನ್ನ ಮೈದುನ ಇದ್ದ, ನಮ್ಮವರ ಒಬ್ಬನೇ ತಮ್ಮ.

ಸಾಹುಕಾರರು ಕುರ್ಚಿಯಲ್ಲಿ ಕೂತು ಸೊಟ್ಟಗೆ ಕೂಡಿಕೊಂಡ ಮಣಿಕಟ್ಟನ್ನು ತೊಡೆಯ ಮೇಲಿಟ್ಟುಕೊಂಡರು.

"ಆಗಿದ್ದು ಆಗಿಹೋಯ್ತಮ್ಮಾ. ನನಗೆ ಅವರ ಮೇಲೆ ಸಿಟ್ಟಿಲ್ಲ."

ನಾನು ನೀರು ತಂದಿಟ್ಟೆ.

"ಅತ್ಗೆ, ಸಾವ್ಕಾರ್ರು ನಂಗೆ ಕೆಲ್ಸ ಕೊಡ್ತೀನಿ ಅಂತವ್ರೆ," ಅಂದ ಮೈದುನ. "ಅಣ್ಣಂದೇ ಜಾಗ."

"ಒಳ್ಳೇದಾಯ್ತು ಕಣಪ್ಪಾ."

"ಅದ್ಕೇ ಅಣ್ಣನ್ ಗನ್ನು ಬೇಕಿತ್ತು. ಪುಸ್ತಕಾನೂವೆ. ಇನ್ನೂ ಅವಧಿ ಐತಲ್ಲ ಅದ್ರಲ್ಲಿ."

"ಅದ್ರಲ್ಲಿರೋದು ನಿಮ್ಮಣ್ಣನ ಫೋಟೋ."

"ಮೀಸೆ ಒಂಚೂರು ಬಿಟ್ರೆ ನಾನೂ ಹಂಗೇ ಕಾಣ್ತೀನಿ, ನೋಡಿ."

ಅದು ನಿಜವಾಗಿತ್ತು. ಅವನು ಬಾಗಿಲಲ್ಲಿ ಬಂದು ನಿಂತಾಗ ಒಂದು ಕ್ಷಣ ನಮ್ಮವರೇ ಬಂದರು ಅನಿಸಿತ್ತು. ಅದೇ ಹಣೆ, ಅದೇ ಕಿವಿ. ಆ ಹೋಲಿಕೆಯನ್ನು ಅವನು ಹೀಗೆ ಬಳಸಬಹುದು ಎಂದು ನನಗೆ ಹೊಳೆದಿರಲಿಲ್ಲ.

"ಅಣ್ಣನ ಅಂಗಿಗೋಳು ಹಂಗೇ ಇದ್ರೆ ಅವನ್ನೂ ಕೊಡಿ ಅತ್ಗೆ. ನಂಗೂ ಆಯ್ತವೆ."

"ಗಡಿ ಬಂದಾಗ ಏನ್ ಮಾಡ್ತೀಯಾ?"

ಉತ್ತರ ಕೊಟ್ಟದ್ದು ಸಾಹುಕಾರರು. ಸಣ್ಣಗೆ ನಕ್ಕು, "ಇವನು ಇಳಿಯೋನಲ್ಲಮ್ಮ," ಎಂದರು.

ನಾನು ಜೋರು ಮಾತಿನವಳಲ್ಲ. ಎಸ್ಸೆಸ್ಸೆಲ್ಸಿ ಮುಗಿಸಿ ಹೊಲಿಗೆ ಕಲಿತವಳು. ಮಷಿನ್ ಸದ್ದಿನಲ್ಲೇ ಬದುಕು ಕಳೆದದ್ದರಿಂದ ನನ್ನ ದನಿ ಯಾರಿಗೂ ಅಷ್ಟಾಗಿ ಗೊತ್ತಿಲ್ಲ. ಆದರೆ ಅಂಗಳದಲ್ಲಿ ಕೇಳಿದ ಆ ನಗು, ಈಗ ಈ ನಗು, ಎರಡೂ ಒಂದೇ. ಈ ಗನ್ನು ಅವರ ಫೋಟೋದ ಜೊತೆ, ಅವರ ಅಂಗಿಯ ಕೆಳಗೆ ಆ ಚೆಕ್‌ಪೋಸ್ಟ್ ದಾಟಿದರೆ, ಅವರು ಅಷ್ಟು ಸಲ ಇಳಿದು ಕೂತದ್ದಕ್ಕೆ ಅರ್ಥವೇ ಇರುವುದಿಲ್ಲ. ಬದುಕಿದ್ದಾಗ ದಾಟದ ಮನುಷ್ಯನನ್ನು ಸತ್ತ ಮೇಲೆ ದಾಟಿಸಲು ನಾನು ಬಿಡುವವಳಲ್ಲ.

"ಸಾವ್ಕಾರ್ರೇ, ಇಡೀ ದೇಶಕ್ಕೆ ಲೈಸೆನ್ಸ್ ಮಾಡಿಸ್ಕೊತೀನಿ, ಒಂದು ಪತ್ರ ಕೊಡಿ ಅಂತ ನಮ್ಮವ್ರು ನಿಮ್ಮ ಅಂಗಡಿಗೆ ಎಷ್ಟು ಸಲ ಬಂದಿದ್ರು?"

"ಅದೆಲ್ಲಾ ಈಗ್ಯಾಕಮ್ಮಾ?"

"ಯಾಕೆ ಕೊಡ್ಲಿಲ್ಲ ನೀವು?"

ಸಾಹುಕಾರರು ನೀರಿನ ಲೋಟ ಎತ್ತಿಕೊಂಡರು.

"ಅಲ್ಲಿಂದ ಚಿನ್ನ ತರ್ತೀನಿ ಅಂತ ಸರ್ಕಾರದ ಮುಂದೆ ಸೈನ್ ಹಾಕಿದ್ರೆ ಲೆಕ್ಕ ಕೇಳ್ತಾರೆ ಅಂತ ನಿಮಗೆ ಭಯ. ಆ ಭಯಾನ ನಮ್ಮನೆಯವರ ಸೊಂಟದಲ್ಲಿ ಕಟ್ಟಿ ಗಡಿ ದಾಟಿಸೋಕೆ ನೋಡಿದ್ರಿ. ಅವ್ರು ಇಳಿದ್ರು. ಅಂಜಿದ್ದು ಯಾರು ಅಂತ ನೀವೇ ಹೇಳಿ."

"ಅತ್ಗೆ!" ಎಂದ ಮೈದುನ. "ದೊಡ್ಡೋರ ಮುಂದೆ ಹಿಂಗಾ ಮಾತಾಡೋದು?"

"ದೊಡ್ಡೋರು ಅಂತಾನೇ ಕೂರಿಸ್ಕೊಂಡು ಮಾತಾಡ್ತಿದೀನಿ. ಇಲ್ಲದಿದ್ರೆ ಬಾಗ್ಲಲ್ಲೇ ಮುಗಿಸ್ತಿದ್ದೆ."

"ಹಂಗಾರೆ ಆ ಗನ್ನ ಮಡಿಕ್ಕೊಂಡು ನೀವೇನ್ ಪೂಜೆ ಮಾಡ್ತೀರಾ?"

"ಇಲ್ಲ. ನಾಳೆ ಸ್ಟೇಷನ್‌ಗೆ ಕೊಡ್ತೀನಿ. ನಿಂಗೆ ಬೇಕಾದ್ರೆ ನಿನ್ ಹೆಸರಲ್ಲಿ ಅರ್ಜಿ ಹಾಕು, ನಿನ್ ಫೋಟೋ ಅಂಟಿಸು. ಸಾವ್ಕಾರ್ರು ಪತ್ರ ಕೊಡ್ಲಿ."

ಕಾರು ಹೋದ ಮೇಲೆ ಲೋಟ ತೊಳೆದಿಟ್ಟೆ. ಹೇಳಿದ್ದರಲ್ಲಿ ಒಂದು ಮಾತನ್ನೂ ವಾಪಸು ತೆಗೆದುಕೊಳ್ಳಬೇಕು ಅನಿಸಲಿಲ್ಲ.

ಮರುದಿನ ಬೆಳಿಗ್ಗೆ ಗನ್ನನ್ನು ಅವರದೇ ಹಳೆಯ ಟವೆಲಿನಲ್ಲಿ ಸುತ್ತಿ, ಗುಂಡುಗಳನ್ನು ಬೇರೆ ಡಬ್ಬಿಯಲ್ಲಿಟ್ಟು, ಹೊಲಿದ ಬಟ್ಟೆ ಒಯ್ಯುವ ಚೀಲದಲ್ಲಿ ಹಾಕಿಕೊಂಡು ಹೊರಟೆ. ಭಾರ ಎಷ್ಟೆಂದು ನನಗೆ ಆವತ್ತೇ ತಿಳಿದದ್ದು. ಅವರು ಅಷ್ಟು ದಿನ ಅದನ್ನು ಹೊತ್ತು, ಸೊಂಟ ವಾಲದಂತೆ ನಡೆಯುತ್ತಿದ್ದರು. ದೇವಸ್ಥಾನದ ಮುಂದೆ ಟೂರಿಸ್ಟ್ ಬಸ್ಸುಗಳು ಆಗಲೇ ನಿಂತಿದ್ದವು. ಎಳನೀರು ಮಾರುವವನು ಕೂಗಿದ:

"ಏನಕ್ಕಾ, ಬೆಳಗ್ಗೇನೆ ಡೆಲಿವರಿ ಹೊರಟ್ರಾ? ಯಾರ್ದು ಬಟ್ಟೆ?"

"ನಮ್ಮನೆಯವ್ರದ್ದು," ಅಂದೆ.

ಅವನು ಮಚ್ಚು ಕೆಳಗಿಟ್ಟ.

ಸ್ಟೇಷನ್ನಿನಲ್ಲಿ ಮೇಜಿನ ಹಿಂದಿದ್ದ ಪೊಲೀಸರು ಗನ್ನು ಬಿಚ್ಚಿ ನೋಡಿ, ನಂಬರು ತಾಳೆ ಮಾಡಿ, ಪುಸ್ತಕದ ಹಾಳೆ ತಿರುವಿದರು. "ಕರ್ನಾಟಕಕ್ಕೆ ಮಾತ್ರ," ಎಂದು ತಮ್ಮಷ್ಟಕ್ಕೆ ಓದಿಕೊಂಡು, "ಯಾವತ್ತಾದ್ರೂ ಹೊರಗಡೆ ತಗೊಂಡು ಹೋಗಿದ್ರಾಮ್ಮಾ?" ಎಂದು ಕೇಳಿದರು.

"ಇಲ್ಲ ಸಾರ್. ಇಳೀತಿದ್ರು."

"ಏನು?"

"ಗಡಿ ಬಂದ್ರೆ ಕಾರಿಂದ ಇಳ್ಕೊತಿದ್ರು. ಕಾರು ವಾಪಸ್ ಬರೋವರ್ಗೂ ಈ ಕಡೇನೇ ಕೂತಿರ್ತಿದ್ರು."

ಜಗಳಕ್ಕೆ ಸಿದ್ಧವಾಗಿಯೇ ಹೇಳಿದ್ದೆ. ಅವರು ತಲೆಯೆತ್ತಿ ನೋಡಿ, "ಹಂಗೇ ಮಾಡ್ಬೇಕು," ಎಂದು ಬರೆಯುವುದನ್ನು ಮುಂದುವರಿಸಿದರು. ಅದರಲ್ಲಿ ಅವರಿಗೆ ದೊಡ್ಡದೇನೂ ಕಾಣಲಿಲ್ಲ. ರಸೀದಿಗೆ ಸೀಲು ಒತ್ತಿ ಕೊಟ್ಟರು.

ಮೈದುನ ಬಹಳ ದಿನ ಈ ಕಡೆ ಬರಲಿಲ್ಲ. ಸಾಹುಕಾರರು ಪತ್ರ ಕೊಡಲಿಲ್ಲವಂತೆ, ಅವನು ಅರ್ಜಿಯನ್ನೂ ಹಾಕಲಿಲ್ಲವಂತೆ. ಒಂದು ದಿನ ಬೇಲೂರು ಸಂತೆಗೆ ಬಂದವನು ಇಲ್ಲಿಯವರೆಗೂ ಬಂದು ಅಂಗಡಿಯ ಮುಂದೆ ಬೈಕ್ ನಿಲ್ಲಿಸಿದ. ತಲೆ ತಗ್ಗಿಸಿಕೊಂಡು, "ಅಂಗಿಗೋಳ್ನಾದ್ರೂ ಕೊಡ್ತೀರಾ ಅತ್ಗೆ? ಅಣ್ಣಂದು ಅಂತ ಇರ್ಲಿ," ಅಂದ.

ಕೊಡುವ ಮನಸ್ಸು ನನಗೂ ಇತ್ತು. ನಾನು ಆಗಲೇ ಅವುಗಳ ಹೊಲಿಗೆ ಬಿಚ್ಚಿ ಕೂತಿದ್ದೆ. ಸೊಂಟದ ಸಡಿಲ ಒಳಕ್ಕೆ ತೆಗೆದು, ಬಲಗಡೆಯ ಸೀಳು ಮುಚ್ಚಿ, ಅಂಚನ್ನು ದುಂಡಗೆ ಕತ್ತರಿಸಿ, ಪ್ಯಾಂಟಿನೊಳಗೆ ಸೇರಿಸಿ ತೊಡುವ ಅಂಗಿಗಳನ್ನಾಗಿ ಮಾಡಿದ್ದೆ. ಅವನು ಒಂದನ್ನು ತೊಟ್ಟು ಕನ್ನಡಿಯ ಮುಂದೆ ನಿಂತು, ಬಲಸೊಂಟದ ಮೇಲೆ ಕೈಯಾಡಿಸಿದ.

"ಇಲ್ಲಿ ಬಿಗಿ ಆಯ್ತಲ್ಲ?"

"ನಿನ್ ಮೈಗೆ ಸರಿಯಾಗೈತೆ. ಬೇರೆ ಏನಕ್ಕೂ ಜಾಗ ಇಲ್ಲ."

ಅವನು ಕನ್ನಡಿಯಲ್ಲೇ ನನ್ನನ್ನು ನೋಡಿ, ನಗಲೋ ಬೇಡವೋ ಎನ್ನುವಂತೆ ನಕ್ಕ. ಹೊರಡುವಾಗ ಊಟಕ್ಕೆ ನಿಲ್ಲು ಎಂದೆ. ನಿಂತ.

ಒಂದು ಅಂಗಿಯನ್ನು ಮಾತ್ರ ಹಾಗೆಯೇ ಉಳಿಸಿಕೊಂಡಿದ್ದೇನೆ. ಮಷಿನ್ನಿನ ಹಿಂದೆ, ಅಂಗಡಿಗೆ ಬಂದವರ ಕಣ್ಣಿಗೆ ಬೀಳುವ ಹಾಗೆ, ಮೊಳೆಗೆ ನೇತುಹಾಕಿದ್ದೇನೆ. ಮೊನ್ನೆ ಜಾವಗಲ್ ಕಡೆಯಿಂದ ರವಿಕೆ ಬಟ್ಟೆ ತಂದ ಹೆಂಗಸು ಅದನ್ನೂ ನನ್ನನ್ನೂ ನೋಡಿ ಕೇಳಿದಳು:

"ನೀವು... ಗಡೀಲಿ ಇಳೀತಿದ್ರಂತಲ್ಲ, ಅವ್ರ ಮನೆಯೋರಾ?"

"ಹೌದು, ಅವ್ರ ಹೆಂಡ್ತೀನೇ," ಅಂದೆ. "ಕೈ ಎತ್ತಮ್ಮಾ, ಅಳತೆ ತಗೋಬೇಕು."